ಮಾವ, ಸೊಸೆ, ನಡುವೆ ಒಂದು ಎಮ್ಮೆ

ಬೀದರಿನಲ್ಲಿ ಯಾರಾದರೂ ನನ್ನೆದುರು ಕೂತು ಮನಸ್ಸಿನ ಕಷ್ಟ ಹೇಳಿಕೊಳ್ಳಬೇಕಾದರೆ, ಮೊದಲು ನನ್ನ ಅಜ್ಜನ ಅಂಗಡಿ ಯಾವ ಗಲ್ಲಿಯಲ್ಲಿತ್ತು ಎಂಬುದು ಇತ್ಯರ್ಥವಾಗಬೇಕಿತ್ತು. ಅದಾದ ಮೇಲೆ ನನ್ನ ಚಿಕ್ಕಮ್ಮ ಯಾರ ಮನೆಗೆ ಸೊಸೆಯಾಗಿ ಹೋದಳು, ಆ ಮನೆಯ ಹಿರಿಯರು ಇನ್ನೂ ಇದ್ದಾರೋ ಇಲ್ಲವೋ, ಅವರ ಮನೆಯ ಬಿರಿಯಾನಿಗೆ ಮೊದಲಿನ ರುಚಿ ಈಗ ಯಾಕಿಲ್ಲ. ಅಷ್ಟು ಹೊತ್ತಿಗೆ ಅವರಿಗೆ ಕೊಟ್ಟ ಒಂದು ಗಂಟೆ ಮುಗಿದಿರುತ್ತಿತ್ತು. "ದಿಲ್ ಬಹುತ್ ಹಲ್ಕಾ ಹುವಾ ಆಪಾ" ಎಂದು ಹೇಳಿ, ಎದೆ ನಿಜವಾಗಿಯೂ ಹಗುರಾದವರ ಹಾಗೆ ಮೆಟ್ಟಿಲಿಳಿದು ಹೋಗುತ್ತಿದ್ದರು. ಇಳಿಸಿಹೋದ ಭಾರ ಯಾವುದೆಂದು ನನಗೆ ಮಾತ್ರ ಮುಂದಿನ ವಾರದವರೆಗೂ ತಿಳಿಯುತ್ತಿರಲಿಲ್ಲ.

ಆಗ ನಾನು ಆಪ್ತಸಮಾಲೋಚಕಿ. ಆ ಪದ ಬಾಗಿಲ ಮೇಲಿನ ಬೋರ್ಡಿನಲ್ಲಿ ಮಾತ್ರ ಇತ್ತು. ಮಂದಿಯ ಬಾಯಲ್ಲಿ ನಾನು 'ಮಾತಾಡೋ ಡಾಕ್ಟರ್'. ಮಳೆ ಮೇಲಿಂದ ಮೇಲೆ ಕೈಕೊಟ್ಟ ವರ್ಷಗಳು ಅವು. ಬಾವಿಗಳು ತಳ ತೋರಿಸುತ್ತಿದ್ದವು. ಹೈದರಾಬಾದಿಗೂ ಪುಣೆಗೂ ಹೋಗುವ ಬಸ್ಸುಗಳ ನೆತ್ತಿಯ ಮೇಲೆ ಹಾಸಿಗೆ, ಕೊಡ, ಕಬ್ಬಿಣದ ಒಲೆಗಳೆಲ್ಲ ಏರುತ್ತಿದ್ದವು. ಗಂಡ ಒಂದೂರು, ಹೆಂಡತಿ ಒಂದೂರು ಆದ ಮನೆಗಳ ಮನಸ್ಸು ಕೆಡದಿರಲಿ ಎಂದು ಒಂದು ಸಂಸ್ಥೆ ನಮ್ಮಂಥ ಕೆಲವರನ್ನು ನೇಮಿಸಿತ್ತು. ಮಂಗಳವಾರ ಭಾಲ್ಕಿ, ಗುರುವಾರ ಔರಾದ್, ಉಳಿದ ದಿನ ಬೀದರ್.

ನಮ್ಮ ಮನೆಮಾತು ದಖನಿ. ಕನ್ನಡ ನನಗೆ ಬಂದದ್ದು ಹಿತ್ತಲ ಗೋಡೆಯಾಚೆಯ ಮನೆಯ ಆಯಿಯಿಂದ. ಆಕೆ ಗೋಡೆಯ ಆ ಕಡೆ ಜೋಳ ಹಸನು ಮಾಡುತ್ತ ಮಾತಾಡುತ್ತಿದ್ದಳು, ನಾನು ಈ ಕಡೆ ಕಲ್ಲಿನ ಮೇಲೆ ಹತ್ತಿ ನಿಂತು ಕೇಳುತ್ತಿದ್ದೆ. ಹೀಗಾಗಿ ಹರೆಯದಲ್ಲೇ ನನ್ನ ಬಾಯಿಂದ ಬೊಚ್ಚುಬಾಯಿಯ ಮುದುಕಿಯ ಕನ್ನಡ ಬರುತ್ತಿತ್ತು. ಹಳ್ಳಿಯ ಹೆಂಗಸರು ಮೊದಲ ಮಾತಿಗೇ ನಗುತ್ತಿದ್ದರು. "ನೀವು ಮಾತಾಡಿದ್ರ ನಮ್ಮ ಸತ್ತ ಅಜ್ಜಿ ಎದ್ದು ಬಂದಂಗ ಆಗ್ತದ್ರಿ" ಎನ್ನುತ್ತಿದ್ದರು. ನಕ್ಕವರು ಆಮೇಲೆ ಬಾಯಿ ಬಿಡುತ್ತಾರೆ. ಆಯಿಗೆ ಆ ಲೆಕ್ಕದಲ್ಲಿ ನನ್ನ ಪಗಾರದಲ್ಲಿ ಪಾಲು ಹೋಗಬೇಕಿತ್ತು.

ಭಾಲ್ಕಿಯಲ್ಲಿ ನಗು ಅಷ್ಟು ಸಲೀಸಾಗಿ ಸಿಗುತ್ತಿರಲಿಲ್ಲ. ಅಲ್ಲಿ ಒಬ್ಬ ನಿವೃತ್ತ ಮಾಸ್ತರರು, ಬೌದ್ಧ ಮನೆತನದವರು, ಇಸ್ತ್ರಿ ಮಾಡಿದ ಬಿಳಿ ಅಂಗಿಯಲ್ಲಿ ಬಂದು ನೆಟ್ಟಗೆ ಕೂಡುತ್ತಿದ್ದರು. "ದುಃಖ ಅದ. ದುಃಖಕ್ಕ ಕಾರಣ ಅದ. ಕಾರಣ ಹೋದ್ರ ದುಃಖ ಹೋಗ್ತದ. ಇಷ್ಟು ನನಗ ಗೊತ್ತದ. ನಿಮಗ ಎಷ್ಟು ಗೊತ್ತದ ನೋಡ್ಲಿಕ್ಕಿ ಬಂದೀನಿ" ಎಂದರು ಮೊದಲ ದಿನ. ವಾರವಾರವೂ ನನ್ನನ್ನು ಪರೀಕ್ಷೆ ಮಾಡಿ, ಒಂದು ಮಂಗಳವಾರ "ಪಾಸಾದ್ರಿ" ಎಂದು ಹೇಳಿ, ಆಮೇಲೆ ಕನ್ನಡಕ ತೆಗೆದು ಒರೆಸುತ್ತ ಮುಂಬಯಿಗೆ ಹೋದ ಮಗನ ಮಾತು ತೆಗೆದರು.

ನಮ್ಮ ಮೇಲ್ವಿಚಾರಕಿ ಮೈಸೂರು ಕಡೆಯವರು. ತಿಂಗಳಿಗೊಮ್ಮೆ ಬಂದು ನಮ್ಮ ಕೆಲಸ ನೋಡುತ್ತಿದ್ದರು. ಮೆತ್ತಗಿನ ಮಾತು, ಮೆತ್ತಗಿನ ಸೀರೆ. ಬೀದರಿನ ಬಿಸಿಲಿಗೆ ಎರಡೂ ಬೆವರುತ್ತಿದ್ದವು. ಎದುರಿದ್ದವರನ್ನು 'ನಿಮಗೆ ಹೇಗನಿಸ್ತಾ ಇದೆ?' ಎಂದು ಕೇಳಬೇಕು, ಅವರು 'ನನಗೆ ಹೀಗನಿಸುತ್ತೆ' ಎಂದು ತಮ್ಮ ಬಾಯಿಂದಲೇ ಹೇಳುವಂತೆ ಮಾಡಬೇಕು ಎಂಬುದು ಅವರ ಪಾಠ. ಒಳ್ಳೆಯ ಪಾಠವೇ. ಆದರೆ ಔರಾದಿನಲ್ಲಿ ನಾನು ಆ ಪ್ರಶ್ನೆ ಕೇಳಿದಾಗ ಸಿಕ್ಕ ಮೊದಲ ಉತ್ತರ, "ಹ್ಯಾಂಗನಸ್ತದ್ರಿ, ಬಿಸಲ ಅನಸ್ತದ." ಇನ್ನೊಬ್ಬರದು, "ಮಂದಿಗಿ ಹ್ಯಾಂಗ ಅನಸ್ತದೋ ನಮಗೂ ಹಂಗೇ ಅನಸ್ತದ್ರಿ. ನಮಗ್ಯಾಕ ಬ್ಯಾರೆ ಅನಸ್ತದ?"

ಇದೇ ಔರಾದಿನಲ್ಲಿ, ಬಸ್ ನಿಲ್ದಾಣದ ಹಿಂದಿನ ನಮ್ಮ ಕೋಣೆಗೆ, ಒಂದು ಗುರುವಾರ ಸಂತಪುರದಿಂದ ಒಬ್ಬ ಮಾವ ಮತ್ತು ಒಬ್ಬ ಸೊಸೆ ಬಂದರು. ಒಂದೇ ಬಸ್ಸಿನಲ್ಲಿ ಬಂದಿದ್ದರು. ಆದರೆ ನಡುವೆ ಇನ್ನೊಂದು ಬಸ್ಸು ಹಿಡಿಸುವಷ್ಟು ಅಂತರ ಬಿಟ್ಟು ನಡೆದು ಬಂದರು.

ಮಾವನಿಗೆ ಬಿಳಿ ಟೋಪಿ, ಗುಂಡಿ ಬಿಚ್ಚಿದ ಅಂಗಿ, ಒಳಗೆ ಸೇರಿದ ಹೊಟ್ಟೆ. ಸೊಸೆ ಅಂಗನವಾಡಿಯಲ್ಲಿ ಟೀಚರ್. ಸೆರಗು ಹಣೆ ದಾಟಿ ಮೂಗಿನವರೆಗೆ ಇಳಿದಿತ್ತು. ಮಾವ ಒಳಗೆ ಕೂತ. ಸೊಸೆಯನ್ನೂ ಕರೆದೆ. ಅವಳು ಒಳಗೆ ಕಾಲಿಟ್ಟಳು, ಅವನು ಎದ್ದು ಹೊರಗೆ ಹೋದ. ಅವನನ್ನು ಕರೆತಂದೆ, ಅವಳು ಹೊರಗೆ ಹೋದಳು. ತಕ್ಕಡಿಯ ಎರಡು ತಟ್ಟೆಗಳ ಹಾಗೆ ಒಬ್ಬರು ಬಂದರೆ ಒಬ್ಬರು ಇಲ್ಲ. ಕೊನೆಗೆ ಒಬ್ಬೊಬ್ಬರ ಹತ್ತಿರವೇ ಮಾತಾಡಿದೆ.

ಸೊಸೆಯಿಂದ ತಿಳಿದದ್ದು ಇಷ್ಟು. ಗಂಡ ಪುಣೆಯಲ್ಲಿ ಕಟ್ಟಡದ ಕೆಲಸಕ್ಕೆ ಹೋಗಿದ್ದಾನೆ. ಅವನ ಜೊತೆಗಿರುವ ಗುಂಪಿಗೆ ಅಡುಗೆ ಮಾಡಿ ಹಾಕಲು ಅತ್ತೆಯೇ ಹೋಗಿದ್ದಾಳೆ, ಯಾಕೆಂದರೆ ಸೊಸೆಗೆ ಅಂಗನವಾಡಿ ಬಿಡುವಂತಿಲ್ಲ. ಮನೆಯಲ್ಲಿ ಉಳಿದದ್ದು ಮಾವ, ಸೊಸೆ. ಈಗ ಕೆಲವು ದಿನಗಳಿಂದ ಮಾವ ಮನೆಯಲ್ಲಿ ಉಣ್ಣುವುದನ್ನೇ ಬಿಟ್ಟಿದ್ದಾನೆ. ರಸ್ತೆಯ ಹೋಟೆಲಿನಲ್ಲಿ ಚಹಾದೊಳಗೆ ಖಾರಿ ಬಿಸ್ಕತ್ತು ಅದ್ದಿಕೊಂಡು ದಿನ ದೂಡುತ್ತಿದ್ದಾನೆ. ಊರು ನೋಡುತ್ತಿದೆ. ಊರಿನವರು ಪುಣೆಯಲ್ಲೂ ಇದ್ದಾರೆ.

"ನಾ ಮಾವಗ ಕೂಳ ಹಾಕ್ವಲ್ಲೆ ಅಂತ ಅಲ್ಲೀತನ ಸುದ್ದಿ ಹೋಗ್ಯಾದ್ರಿ ಮೇಡಮ್ಮಾರ" ಎಂದಳು. "ಯಳ್ಳ ಅಮಾಸಿಗಿ ಬರ್ತೇನಿ, ನಿನ್ನ ಇಲ್ಲಿಗಿ ಕರಕೊಂಡು ಬರ್ತೇನಿ, ಅವ್ವನ್ನ ಊರಾಗ ಬಿಡ್ತೇನಿ ಅಂತ ಇವರು ಫೋನ್ ಮಾಡ್ಯಾರ. ನಾ ಹೋದ್ರ ಅಂಗನವಾಡಿ ಹೋತಲ್ರಿ. ಎಷ್ಟು ಓದಿ, ಎಷ್ಟು ತಿರುಗಾಡಿ ಸಿಕ್ಕ ಕೆಲಸದು."

ಮಾವನಿಂದ ತಿಳಿದದ್ದು ಇನ್ನೂ ಕಡಿಮೆ. ಯಾಕೆ ಉಣ್ಣುತ್ತಿಲ್ಲ ಎಂದು ಕೇಳಿದೆ. "ಹಸಿವಿಲ್ರಿ ಬಾಯಾರ" ಎಂದ. ಕಲಿತ ವಿದ್ಯೆಯ ಪ್ರಕಾರ ನಾನು ಸುಮ್ಮನೆ ಕಾದೆ. ಎದುರಿದ್ದವರು ಮೌನ ತಡೆಯಲಾರದೆ ಮಾತಾಡುತ್ತಾರೆ ಎನ್ನುತ್ತದೆ ಆ ವಿದ್ಯೆ. ಸಂತಪುರದ ಹೊಲಗಳಲ್ಲಿ ಮಳೆ ಕಾಯ್ದು ರೂಢಿಯಿದ್ದ ಮನುಷ್ಯ ಅವನು, ಅವನೂ ಕಾದ. ಮೌನ ತಡೆಯಲಾರದೆ ಮಾತಾಡಿದವಳು ನಾನೇ.

ನಮ್ಮ ಮನೆಯಲ್ಲಿ ಅಮ್ಮ ತನ್ನ ಮಾವನ ಜೊತೆ ಊಟಕ್ಕೆ ಹಾಸುವ ದಸ್ತರಖಾನಿನ ಎರಡು ಬದಿಗೆ ಎದುರೆದುರು ಕೂತು ಜಗಳವಾಡುತ್ತಿದ್ದಳು. ಉಪ್ಪಿನಕಾಯಿಯ ಭರಣಿ ಯಾರ ಹತ್ತಿರವಿದೆ ಎಂಬುದರ ಮೇಲೆ ಗೆಲುವು ಸೋಲು. ಕೆಲವು ಮನೆತನಗಳಲ್ಲಿ ಸೊಸೆ ಮಾವನ ಜೊತೆ ಮಾತಾಡುವುದಿಲ್ಲ ಎಂದು ಕೇಳಿದ್ದೆ, ಆದರೆ ಅದು ಹಬ್ಬಹರಿದಿನದ ಮರ್ಯಾದೆ ಎಂದುಕೊಂಡಿದ್ದೆ. ಹಾಗಾಗಿ ಇವರಿಬ್ಬರಿಗೂ ಯಾವುದೋ ದೊಡ್ಡ ಜಗಳವಾಗಿದೆ ಎಂದೇ ತೀರ್ಮಾನಿಸಿ ಮೇಲ್ವಿಚಾರಕಿಗೆ ಹೇಳಿದೆ. ಅವರ ಮುಖ ಅರಳಿತು. "ಮುಂದಿನ ವಾರ ನಾನೇ ಬರ್ತೀನಿ. ಎದುರುಬದುರು ಕುರ್ಚಿ ಹಾಕಿಸಿ" ಎಂದರು.

ಹಾಕಿಸಿದೆ. ಅವರ ಮೆತ್ತಗಿನ ಮಾತಿಗೆ ಇಲ್ಲ ಎನ್ನಲಾಗದೆ ಇಬ್ಬರೂ ಒಟ್ಟಿಗೆ ಒಳಗೆ ಬಂದರು. ಅದೇ ಒಂದು ಸೋಜಿಗ. ಮೇಲ್ವಿಚಾರಕಿ ಮಾವನ ಕಡೆ ತಿರುಗಿ, "ತಾತ, ಅವರ ಕಣ್ಣಲ್ಲಿ ಕಣ್ಣಿಟ್ಟು ನೋಡಿ. 'ನನಗೆ ಹೀಗನಿಸುತ್ತೆ' ಅಂತ ಶುರು ಮಾಡಿ" ಎಂದರು.

ಮಾವ ಎದ್ದ. ಸಿಟ್ಟಿನಿಂದಲ್ಲ. ಬಹಳ ಮರ್ಯಾದೆಯಿಂದ ಕುರ್ಚಿಯನ್ನು ಎತ್ತಿ, ಗೋಡೆಯ ಕಡೆ ತಿರುಗಿಸಿ, ಗೋಡೆಗೆ ಮುಖ ಮಾಡಿ ಕೂತ. "ದೊಡ್ಡ ಬಾಯಾರು ಛಲೋ ಮನಸಿಲೇ ಹೇಳ್ಲತ್ತಾರ" ಎಂದು ಗೋಡೆಗೆ ಹೇಳಿದ. "ಅವರ ಕಡಿ ಹಂಗ ನೋಡ್ತಿರಬೇಕು. ನಮ್ಮ ಕಡಿ ಸೊಸಿ ಕಣ್ಣಾಗ ಕಣ್ಣಿಟ್ಟು ನೋಡಿದ್ರ ಬಡೀತಾರ."

ತಿರುಗಿ ನೋಡಿದರೆ ಸೊಸೆಯ ಕುರ್ಚಿ ಖಾಲಿ. ಹೊರಗೆ ಬೇವಿನ ಗಿಡದ ಕೆಳಗೆ ಸೆರಗನ್ನು ಬಾಯಿಗೆ ತುರುಕಿಕೊಂಡು ಕುಕ್ಕರಗಾಲಲ್ಲಿ ಕೂತಿದ್ದಳು, ಹೆಗಲು ಅಲುಗುತ್ತಿತ್ತು. ಅಳುತ್ತಿದ್ದಾಳೆ ಎಂದುಕೊಂಡು ಓಡಿದೆ. ನಗುತ್ತಿದ್ದಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂದಿತ್ತು. ಆ ನೀರು ಮಾತ್ರ ನಗು ನಿಂತ ಮೇಲೂ ನಿಲ್ಲಲಿಲ್ಲ.

"ಎಮ್ಮಿ ಇದ್ದಾಗ ಎಲ್ಲಾ ಛಂದ ಇತ್ರಿ" ಎಂದಳು.

"ಎಮ್ಮಿ ಏನ್ ಮಾಡ್ತಿತ್ತವ್ವ?"

"ಏನ್ ಮಾಡ್ತದ್ರಿ ಎಮ್ಮಿ? ನಿಂದರ್ತಿತ್ತು. ನಾವು ಅದರ ಕೂಡ ಮಾತಾಡ್ತಿದ್ದೆವು."

ಆಮೇಲೆ ಆ ಬೇವಿನ ಗಿಡದ ಕೆಳಗೆ ಅವಳು ನನಗೊಂದು ಇಡೀ ಸಂಸಾರ ಆಡಿ ತೋರಿಸಿದಳು. ಅತ್ತೆ ಇದ್ದಾಗ ಮಾವನ ಮಾತು ಸೊಸೆಗೆ, ಸೊಸೆಯ ಮಾತು ಮಾವನಿಗೆ ಅತ್ತೆಯೇ ಮುಟ್ಟಿಸುತ್ತಿದ್ದಳು. ಮೂವರೂ ಒಂದೇ ಪಡಸಾಲೆಯಲ್ಲಿ ಕೂತಿದ್ದರೂ ಅಷ್ಟೇ. ಅತ್ತೆ ಪುಣೆಗೆ ಹೋದ ಮೇಲೆ ಆ ಕೆಲಸ ಅಂಗಳದ ಎಮ್ಮೆಯ ಕೊರಳಿಗೆ ಬಿತ್ತು. ಮಾವ ಎಮ್ಮೆಯ ಬೆನ್ನು ತಿಕ್ಕುತ್ತ ಹೇಳುವನು, ಸೊಸೆ ಒಲೆಯ ಮುಂದಿನಿಂದ ಎಮ್ಮೆಗೇ ಉತ್ತರ ಕೊಡುವಳು.

"ಏ ಎಮ್ಮಿ, ಇವತ್ತ ಬ್ಯಾಳ್ಯಾಗ ಖಾರ ಹಾಕ್ಯಾರೋ, ಖಾರದಾಗ ಬ್ಯಾಳಿ ಹಾಕ್ಯಾರೋ?"

"ಎಮ್ಮಿ, ಹೇಳಿಬಿಡ. ಮೂಗು ಕಟ್ಟ್ಯಾದಂತ ನಿನ್ನಿ ಯಾರೋ ಸೊರ್ ಸೊರ್ ಅನ್ಲತ್ತಿದ್ರು. ಅವರ ಸಲುವಾಗೇ ಹಾಕಿದ್ದದು."

"ಎಮ್ಮಿ, ಈ ಮನ್ಯಾಗ ಒಬ್ಬರಿಗಿ ಭಾಳ ಮಾತು ಬರ್ತಾವ ನೋಡು."

"ಎಮ್ಮಿ, ಮಾತು ಬರ್ಲಾರದವರ ಮನ್ಯಾಗ ನೀ ಇದ್ದಿದ್ರ ಬ್ಯಾಸರಾಗಿ ಹಗ್ಗ ಹರಕೊಂಡು ಹೋಗ್ತಿದ್ದಿ."

ಸೊಸೆ ಹೊರಡುವ ಹೊತ್ತಿಗೆ ಮಾವ ಎಮ್ಮೆಯ ಕಿವಿಯ ಹತ್ತಿರ, "ಬಿಸಲ ಭಾಳ ಅದ. ಅಂಗನವಾಡಿಗಿ ಹೋಗೋರು ಛತ್ರಿ ಒಯ್ದ್ರ ಛಲೋ" ಎನ್ನುವನು. ಸಂಜೆ ಸೊಸೆ ಮೇವು ಹಾಕುತ್ತ, "ಎಮ್ಮಿ, ರೊಟ್ಟಿ ಆಗ್ಯಾವ. ಆರಿದ್ರ ಮುರೀಲಿಕ್ಕಿ ಕೊಡಲಿ ಬೇಕಾಗ್ತದ" ಎನ್ನುವಳು. ಮಾವ ಕೈ ತೊಳೆದು ಬರುವನು. ಹೀಗೆ ಆ ಮನೆ ನಡೆದಿತ್ತು, ಜಗಳ, ಕಾಳಜಿ, ಊರ ಸುದ್ದಿ ಎಲ್ಲ ಎಮ್ಮೆಯ ಮೇಲೆ ಹೇರಿಕೊಂಡು.

ಆಮೇಲೆ ಮೇವು ಮುಗಿಯಿತು, ನೀರು ಮುಗಿಯಿತು. ಭಾಲ್ಕಿ ಕಡೆಯ ಹಳ್ಳಿಗೆ ಕೊಟ್ಟ ಮಗಳ ಮನೆಯ ಬಾವಿಯಲ್ಲಿ ಇನ್ನೂ ಅಷ್ಟಿಷ್ಟು ನೀರಿತ್ತು. ಎಮ್ಮೆಯನ್ನು ಅಲ್ಲಿಗೆ ಕಳಿಸಿದರು. ಊರಿನ ಅರ್ಧ ಮಂದಿಯ ಹಾಗೆ ಎಮ್ಮೆಯೂ ಗುಳೆ ಹೋಯಿತು. ಅವತ್ತಿನಿಂದ ಆ ಮನೆಯಲ್ಲಿ ಮಾತಿಲ್ಲ.

"ಬ್ಯಾರೆ ಯಾವುದಕ್ಕರೆ ಹೇಳಬೇಕಿತ್ತವ್ವ" ಎಂದೆ.

"ನೋಡೀವ್ರಿ ಮೇಡಮ್ಮಾರ. ಬಾಜು ಮನಿ ಕೋಳಿಗಿ ಹೇಳಿದ್ರ ಅದು ಅರ್ಧ ಮಾತಿಗೇ ಓಡಿ ಹೋಗ್ತದ. ಬೆಕ್ಕು ಹಾಲಿಲ್ಲಂದ್ರ ನಿಲ್ಲಂಗಿಲ್ಲ. ಒಂದಿನ ಮಾವ ಕಂಬಕ್ಕ ಮಾರಿ ಮಾಡಿ ಏನೋ ಅಂದ್ರು. ಹಾದ್ಯಾಗ ಹೋಗೋರು ನಿಂತು ನೋಡಿದ್ರು. ಎಮ್ಮಿ ಕೂಡ ಮಾತಾಡಿದ್ರ ಸಂಸಾರ ಅಂತಾರ್ರಿ, ಕಂಬದ ಕೂಡ ಮಾತಾಡಿದ್ರ ಹುಚ್ಚು ಅಂತಾರ. ಮುಂದ ಅವರು ಬಾಯೇ ಬಿಡಲಿಲ್ಲ."

ಮೇಲ್ವಿಚಾರಕಿ ನನ್ನ ಹಿಂದೆ ನಿಂತು ಎಲ್ಲ ಕೇಳಿಸಿಕೊಂಡಿದ್ದರು. ಆಮೇಲೆ ನನ್ನ ಕಡೆ ನೋಡಿದರು. ಆ ನೋಟದಲ್ಲಿ ಏನಿದೆ ಎಂದು ಗೊತ್ತಾಗುವ ಮೊದಲೇ ಅವರು ಹೇಳಿಬಿಟ್ಟರು, "ನೀವೇ ಆಗಬೇಕು ಕಣ್ರೀ."

ಮುಂದಿನ ಗುರುವಾರದಿಂದ ನಾನು ಎಮ್ಮೆಯಾದೆ. ಮಾವ ಕೋಣೆಯೊಳಗೆ, ಕಿಟಕಿಗೆ ಮುಖ. ಸೊಸೆ ಹೊರಗಿನ ಮೆಟ್ಟಿಲ ಮೇಲೆ, ರಸ್ತೆಗೆ ಮುಖ. ನಾನು ಹೊಸ್ತಿಲ ಮೇಲೆ ಕುರ್ಚಿ ಹಾಕಿಕೊಂಡು ನಡುವೆ. ಬಾಗಿಲು ಮುಚ್ಚಬೇಕೆಂಬ ನಿಯಮ ಅಲ್ಲಿಗೆ ಮುಗಿಯಿತು.

"ಬಾಯಾರ, ನಿಮಗ ಎಮ್ಮಿ ಅನ್ಲಿಕ್ಕಿ ಬಾಯೇ ಬರ್ವಲ್ದು" ಎಂದ ಮಾವ.

"ಅನ್ನಬ್ಯಾಡ್ರಿ ಮುತ್ಯಾ. ಮನಸಿನಾಗ ಹಂಗ ತಿಳಕೊಂಡ್ರ ಸಾಕು."

ಅಷ್ಟು ಹೇಳಿದ್ದೇ ತಡ, ಅವನಿಗೆ ಬಾಯಿ ಬಂತು. "ಮನ್ಯಾಗ ತಾಟ ಇಡ್ತಾರ. ಖರೇ. ಆದ್ರ ಬರ್ರಿ ಅಂತ ಒಬ್ಬರೂ ಕರಿಯಂಗಿಲ್ಲ. ಕರೀಲಾರದ ಊಟಕ್ಕ ಹೋಗಿ ಕೂಡೋದು ಹ್ಯಾಂಗ್ರಿ? ನಾ ಏನು ಭಿಕ್ಷಾದವನಾ?"

ನಾನು ಕಲಿತ ಪ್ರಕಾರ ಕತ್ತು ಅಲ್ಲಾಡಿಸಿ, "ಅಂದ್ರ ನಿಮ್ಮನ್ನ ಲೆಕ್ಕಕ್ಕ ಹಿಡೀವಲ್ರು ಅಂತ ನಿಮಗ ಬ್ಯಾಸರಾಗ್ಯಾದ" ಎಂದೆ.

ಮಾವ ಕಿಟಕಿಯಿಂದ ಮುಖ ತಿರುಗಿಸಿದ. "ಸಿಟ್ಟಾಗಬ್ಯಾಡ್ರಿ ಬಾಯಾರ. ಎಮ್ಮಿ ನಡುವ ಬಾಯಿ ಹಾಕ್ತಿರಲಿಲ್ಲ."

ಹೊರಗಿನಿಂದ ಸೊಸೆಯ ದನಿ, "ಖರೇ ಅದ್ರಿ ಮೇಡಮ್ಮಾರ. ಅದು ಸುಮ್ಕ ಮೆಲಕ ಹಾಕ್ತಿತ್ತು."

ಅವರಿಬ್ಬರೂ ಒಂದೇ ಮಾತಿಗೆ ಒಪ್ಪಿದ್ದು ಅದೇ ಮೊದಲು. ನಾನು ಪರ್ಸಿನಿಂದ ನಾಲ್ಕು ಬಡೇಸೋಪಿನ ಕಾಳು ತೆಗೆದು ಬಾಯಿಗೆ ಹಾಕಿಕೊಂಡೆ. ಅಗಿಯುತ್ತ ಕೂತೆ. ಮಾತು ನನ್ನ ತಲೆಯ ಮೇಲಿಂದ ಅತ್ತಿಂದಿತ್ತ ಹಾರಾಡತೊಡಗಿತು.

"ನಾ ತಾಟ ಇಟ್ಟು ಬಳಿ ಸಪ್ಪಳ ಮಾಡ್ತಿದ್ದೆರಿ ಮೇಡಮ್ಮಾರ. ಅದು ಕರದಂಗಲ್ಲೇನು?"

"ಬಾಯಾರ, ಬಳಿ ಸಪ್ಪಳ ದಿನಾ ಹತ್ತು ಸಲ ಆಗ್ತದ. ಅದು ಕರಿಯೋದೋ, ಭಾಂಡಿ ತಿಕ್ಕೋದೋ, ನಾ ಹ್ಯಾಂಗ ತಿಳಕೋಬೇಕು?"

"ಮೇಡಮ್ಮಾರ, ಉಣ್ಣೋ ಮನಸಿದ್ದವರಿಗಿ ತಿಳೀತದ."

"ಬಾಯಾರ, ಕರಿಯೋ ಮನಸಿದ್ದವರು ಕೆಮ್ಮತಾರ."

"ಕೆಮ್ಮಿದ್ರ ಆರಾಮಿಲ್ಲ ಅಂತ ತಿಳದು ಕಷಾಯಾ ಕುದಸ್ಲಿಕ್ಕಿ ಕೂಡ್ತಾರ, ಅದೂ ಹೇಳ್ರಿ!"

ಮಾವನ ಬೆನ್ನು ಅಲುಗಿತು. ನಗುತ್ತಿದ್ದ. ಜಗಳ ಹೇಗೆ ಇರಬೇಕೋ ಹಾಗೆ ಆದ ಮೇಲೆ ಇಬ್ಬರೂ ಹಗುರಾಗಿ, ಒಂದು ಬಸ್ಸಿನ ಅಂತರ ಬಿಟ್ಟು, ಸಂತಪುರಕ್ಕೆ ಹೋದರು.

ಆದರೆ ನಾನು ಗುರುವಾರದ ಎಮ್ಮೆ. ಹೊಟ್ಟೆ ದಿನವೂ ಇರುತ್ತದೆ. ಮನೆಗೊಂದು ದಿನದ ಏರ್ಪಾಡು ಬೇಕಿತ್ತು. ಎಮ್ಮೆಗೂ ಮೊದಲು ಆ ಕೆಲಸ ಮಾಡಿದವಳು ಅತ್ತೆಯಲ್ಲವೇ? ಊಟದ ಹೊತ್ತಿಗೆ ಪುಣೆಗೆ ಫೋನು ಹಚ್ಚಿ, ದನಿ ದೊಡ್ಡದು ಮಾಡಿ, ಗೋಡೆಯ ಗೂಡಿನಲ್ಲಿ ಇಡಿ ಎಂದೆ. ಇಟ್ಟರು. ನಡೆಯಿತು. ಸೊಸೆ ಗೂಡಿಗೆ, "ಅತ್ತಿ, ರೊಟ್ಟಿ ಆಗ್ಯಾವಂತ ಹೇಳ್ರಿ" ಎಂದರೆ, ಗೂಡಿನಿಂದ ಅತ್ತೆ, "ಏಳ್ರಿ, ಏಳ್ರಿ, ಕೈ ತೊಳಕೋರಿ, ಆಕಿ ಎಷ್ಟೊತ್ತು ಕಾಯಬೇಕು?" ಎಂದು ಗದರುವಳು. ಮಾವ ಉಣ್ಣತೊಡಗಿದ. ಹೋಟೆಲಿನವನು ಒಬ್ಬ ಗಿರಾಕಿಯನ್ನು ಕಳೆದುಕೊಂಡ.

ಇಷ್ಟಾದರೂ ಮಗ ತನ್ನ ಮಾತು ಬಿಡಲಿಲ್ಲ. ಸುದ್ದಿ ಹೋಗುವಾಗ ಓಡುತ್ತದೆ, ಅದು ಸುಳ್ಳೆಂಬ ಸುದ್ದಿ ನಡೆದು ಹೋಗುತ್ತದೆ. ಹೆಂಡತಿಯನ್ನು ಒಯ್ಯುವುದು, ಅವ್ವನನ್ನು ಬಿಡುವುದು ಎಂಬ ನಿರ್ಧಾರ ಹಾಗೇ ಇತ್ತು. ಮಜಾ ಎಂದರೆ ಇಬ್ಬರೂ ಅದಕ್ಕೆ ಎದುರಾಡಲಿಲ್ಲ. ಮಾವ ನನ್ನ ಹತ್ತಿರ ಒಬ್ಬನೇ ಇದ್ದಾಗ, "ಆಕಿ ಇಲ್ಲಿದ್ರೇ ಮನಿ ಮನಿಯಂಗ ಇರ್ತದ್ರಿ. ಆದ್ರ ಗಂಡನ ಕಡಿ ಹೋಗಬೇಕು ಅಂತ ಆಕ್ಯಾ ಮನಸಿನಾಗ ಇದ್ದೀತು. ನಾ ಯಾಕ ಅಡ್ಡ ಬರ್ಲಿ?" ಎಂದ. ಸೊಸೆ ಒಬ್ಬಳೇ ಇದ್ದಾಗ, "ನನಗ ಇಲ್ಲೇ ಇರೋದದ್ರಿ. ಆದ್ರ ಮಾವಗ ಅತ್ತಿ ಬಂದ್ರೇ ಛಲೋ ಅನಸಿದ್ದೀತು. ನಾ ಹ್ಯಾಂಗ ಬ್ಯಾಡ ಅನ್ಲಿ?" ಎಂದಳು. ಒಬ್ಬರು ಒಂಟಿಯಾಗಿದ್ದಾಗ ಹೇಳಿದ್ದನ್ನು ಇನ್ನೊಬ್ಬರಿಗೆ ದಾಟಿಸಬಾರದು. ನಮ್ಮ ವೃತ್ತಿಯ ಮೊದಲ ಕಟ್ಟಳೆ ಅದು. ಎರಡೂ ಕಡೆಯ ಮಾತು ಹೊಟ್ಟೆಯಲ್ಲಿಟ್ಟುಕೊಂಡು ನನಗೇ ಅಜೀರ್ಣವಾಗುವಂತಾಯಿತು.

ಯಳ್ಳ ಅಮಾವಾಸ್ಯೆಗೆ ನನ್ನನ್ನೂ ಹೊಲಕ್ಕೆ ಕರೆದರು. ಬೆಳೆ ಮೊಣಕಾಲಿಗೂ ಬಂದಿರಲಿಲ್ಲ. ಆದರೂ ಆ ದಿನ ಹೊಲದಲ್ಲೇ ಉಣ್ಣಬೇಕು, ಪೂಜೆಗೆ ಕಲ್ಲು ಸಾಲಾಗಿ ಇಡಬೇಕು. ಜನವಾಡ ದಾಟಿದ ಮೇಲೆ ರಸ್ತೆಯ ಎರಡೂ ಕಡೆ ಬುಟ್ಟಿ ಹೊತ್ತ ಹೆಂಗಸರು ಒಣ ಹೊಲಗಳ ಕಡೆ ಮದುವೆಗೆ ಹೊರಟವರ ಹಾಗೆ ಹೊರಟಿದ್ದರು. ಸಂತಪುರದ ಆ ಹೊಲದಲ್ಲಿ ಜಾಲಿಗಿಡದ ಚೂರು ನೆರಳಲ್ಲಿ ಕಂಬಳಿ ಹಾಸಿತ್ತು. ಸೊಪ್ಪು ಕಾಳು ಕೂಡಿಸಿ ಕುದಿಸಿದ ಭಜ್ಜಿ, ಸಜ್ಜೆ ರೊಟ್ಟಿ, ತಣ್ಣಗಿನ ಅಂಬಲಿ. ಪುಣೆಯಿಂದ ಮಗ ಬಂದಿದ್ದ. ಗಟ್ಟಿ ಮೈ, ಮೆದು ಮುಖ. ಅತ್ತೆಯನ್ನು ನಾನು ಕಣ್ಣಾರೆ ಕಂಡದ್ದು ಅವತ್ತೇ. ದನಿ ಕೇಳಿ ದೊಡ್ಡ ಆಳು ಎಂದುಕೊಂಡಿದ್ದೆ. ಗುಬ್ಬಿಯಷ್ಟು ಹೆಂಗಸು. ಕಾಲಿಗೆ ಹೊಸ ಚಪ್ಪಲಿ ಇತ್ತು.

ಮಾವ ಜಾಲಿಗಿಡದ ಆ ಕಡೆ ತಿರುಗಿ ಕೂತಿದ್ದ, ಸೊಸೆ ಈ ಕಡೆ ತಿರುಗಿ. ನಡುವೆ ಅತ್ತೆ. ಎದುರಿಗೆ ಮಗ ಮತ್ತು ನಾನು. ಮೊದಲ ರೊಟ್ಟಿ ಮುಗಿಯುವವರೆಗೆ ಮಗ ತಡೆದ.

"ಅಪ್ಪಾ, ನಾಳಿ ಬಸ್ಸಿಗಿ ಈಕಿನ್ನ ಕರಕೊಂಡು ಹೋಗ್ತೇನಿ. ಅವ್ವ ನಿನ್ನ ಕೂಡ ಇರ್ತಾಳ. ನಿಂದೇನದ ಹೇಳಿಬಿಡು."

ಮಾವನ ಕೈಯಲ್ಲಿದ್ದ ರೊಟ್ಟಿಯ ಚೂರು ಭಜ್ಜಿಯಲ್ಲಿ ಮುಳುಗಿ ಅಲ್ಲೇ ನಿಂತಿತು. ಸೊಸೆಯ ಬಳೆ ಸದ್ದು ನಿಂತಿತು. ಮಾವ ಹೆಂಡತಿಯ ಕಡೆ ತುಸುವೇ ತಿರುಗಿ, ನಮಗೆಲ್ಲ ಸ್ಪಷ್ಟವಾಗಿ ಕೇಳುವಂತೆ ಹೇಳಿದ. "ಹೇಳ ಆಕಿಗಿ. ಗಂಡನ ಕೂಡ ಹೋಗೋದಿದ್ರ ಹೋಗ್ಲಿ. ನನ್ನದೇನೂ ಅಡ್ಡಿ ಇಲ್ಲ."

ಅಂಗನವಾಡಿ ಹೋಯಿತು ಎಂದುಕೊಂಡೆ.

ಅತ್ತೆ ಬೆರಳಿಗೆ ಹತ್ತಿದ ಭಜ್ಜಿ ನೆಕ್ಕಿ ಮುಗಿಸಿದಳು. ಸೊಸೆಯ ಕಡೆ ತಿರುಗಿದಳು. "ನಿಮ್ಮ ಮಾವ ಅಂತಾರ, ಅಂಗನವಾಡಿ ಬಿಟ್ಟು ನೀ ಹೆಜ್ಜಿ ಕಿತ್ತಿದ್ದಂದ್ರ ಮತ್ತ ಹೋಟೆಲಿನ ಚಾ ಮ್ಯಾಲೇ ಇರ್ತಾರಂತ."

"ಅವ್ವಾ!" ಮಗ ಬೆಚ್ಚಿ ನೆಟ್ಟಗಾದ. "ಅಪ್ಪ ಹಂಗೆಲ್ಲಿ ಅಂದಾನ?"

"ಮತ್ತ ಹ್ಯಾಂಗಂದ? ನಿಮ್ಮಪ್ಪನ ಕೂಡ ಬಾಳೇ ಮಾಡಿದಾಕಿ ನಾನೋ, ನೀನೋ?"

ಎಲ್ಲರೂ ಮಾವನ ಕಡೆ ನೋಡಿದೆವು. ಹೆಂಡತಿಯ ಜೊತೆ ಮಾತಾಡಲು ಅವನಿಗೆ ಯಾವ ಕಟ್ಟೂ ಇರಲಿಲ್ಲ. 'ನಾ ಹಂಗ ಅಂದಿಲ್ಲ' ಎಂದು ಒಂದು ಮಾತು ಅಂದಿದ್ದರೆ ಮುಗಿಯುತ್ತಿತ್ತು. ಅವನು ಮುಳುಗಿದ ರೊಟ್ಟಿಯ ಚೂರನ್ನು ಮೇಲೆತ್ತಿ ಬಾಯಿಗಿಟ್ಟುಕೊಂಡ, ಬಹಳ ಹೊತ್ತು ಅಗಿದ.

ಸೆರಗಿನೊಳಗಿಂದ ಸೊಸೆಯ ದನಿ ಬಂತು. "ಅತ್ತಿ, ಮಾವಗ ಹೇಳ್ರಿ. ನಾ ಹೋಗ್ತೇನಿ ಅಂತ ಯಾರಿಗೂ ಅಂದಿಲ್ಲ. ಆದ್ರ ಇವರು ಅಲ್ಲಿ ಒಬ್ಬರೇ... ಇವರು ಹ್ಯಾಂಗಂತಾರ ಹಂಗ."

ಅತ್ತೆ ಗಂಡನ ಕಡೆ ತಿರುಗಿದಳು. "ಇಲ್ಲೇ ಇರ್ತಾಳಂತ."

"ಅರ್ಧಾ ನುಂಗಿದಲ್ಲ ಅವ್ವಾ!" ಎಂದು ಮಗ ಕೂಗಿದ. ಆಮೇಲೆ ಊರಿಗೆ ಬಂದ ಕೋರ್ಟನ್ನು ಕಂಡವನ ಹಾಗೆ ನನ್ನ ಕಡೆ ತಿರುಗಿದ. "ಮೇಡಂ, ನೀವು ಓದಿದೋರು. ನೀವರೆ ಹೇಳ್ರಿ. ಅಪ್ಪ ಏನಂದ, ನೀವೂ ಕೇಳೀರಲ್ಲ?"

ಜಾಲಿಗಿಡದ ಆ ಕಡೆಯಿಂದ ಟೋಪಿ ತುಸು ತಿರುಗಿತು. ಈ ಕಡೆಯಿಂದ ಸೆರಗು ತುಸು ಎದ್ದಿತು. ಇಬ್ಬರ ಕಣ್ಣೂ ನನ್ನ ಮೇಲಿತ್ತು. ಗುರುವಾರಗಳಲ್ಲಿ ಅವರು ಒಬ್ಬೊಬ್ಬರಾಗಿ ಹೇಳಿದ್ದೆಲ್ಲ ನನ್ನ ನಾಲಗೆಯ ತುದಿಗೆ ಬಂದು ನಿಂತಿತ್ತು. ಅದನ್ನು ಹೇಳುವ ಹಾಗಿರಲಿಲ್ಲ. ಮಾವ ಗಟ್ಟಿಯಾಗಿ ಅಂದದ್ದನ್ನು ಹೇಳುವ ಮನಸ್ಸಿರಲಿಲ್ಲ.

"ನಾ ಊಟದ ಮ್ಯಾಲ ಲಕ್ಷ್ಯ ಇಟ್ಟಿದ್ದೆನಪ್ಪ" ಎಂದೆ. "ನನಗ ಅವ್ವಾರು ಹೇಳಿದ್ದಷ್ಟೇ ಕೇಳಸ್ತು."

ಮಗ ಒಬ್ಬೊಬ್ಬರ ಮುಖವನ್ನೂ ನೋಡಿದ. ಇಬ್ಬರದು ಬೆನ್ನು, ಒಬ್ಬಳದು ನಗು, ಒಬ್ಬಳದು ತುಂಬಿದ ಬಾಯಿ. ಪುಣೆಯಲ್ಲಿ ಕೇಳಿದ ಸುದ್ದಿಗೂ ಈ ಕಂಬಳಿಯ ಮೇಲೆ ಕಂಡದ್ದಕ್ಕೂ ತಾಳೆ ಹಾಕುತ್ತಿದ್ದ ಎಂದು ಕಾಣುತ್ತದೆ. ಅಂಬಲಿಯ ಗಡಿಗೆ ತನ್ನತ್ತ ಎಳೆದುಕೊಂಡು ಒಂದು ಲೋಟ ಕುಡಿದ. ಇನ್ನೊಂದು ಕುಡಿದ. ಆಮೇಲೆ ಮೆಲ್ಲಗೆ, "ಅವ್ವಾ, ಹಂಗಾದ್ರ ಆಕಿಗಿ ಹೇಳು. ಇಲ್ಲೇ ಇರ್ಲಿ, ನನ್ನ ಕೂಡ ನೀನೇ ಪುಣಾಕ್ಕ ಬಾ. ಮುಂಗಾರಿಗಿ ಮಿರಗದ ಮಳಿ ಬಿದ್ರ ನಾನೇ ಹೊಳ್ಳಿ ಬರ್ತೇನಿ" ಎಂದ.

"ಅದನ್ನ ನೀನೇ ಹೇಳು" ಎಂದಳು ಅತ್ತೆ. "ಗಂಡ ಹೆಂಡರ ನಡುವ ನಾ ಯಾಕ ಬರ್ಲಿ?"

ಅಷ್ಟು ಗಟ್ಟಿ ಮೈಯ ಮನುಷ್ಯ ಅಪ್ಪನ ಮುಂದೆ ಹೆಂಡತಿಯ ಜೊತೆ ಮಾತಾಡಲಾರದೆ ಕಿವಿಯವರೆಗೆ ಕೆಂಪಾದ. ಸೊಸೆ ಅವನ ತಾಟಿಗೆ ಕೇಳದೆಯೇ ಇನ್ನೊಂದು ರೊಟ್ಟಿ ಹಾಕಿದಳು. ಮಾವ ಎಲ್ಲಿಂದಲೋ ಹಾಡೊಂದರ ತುಣುಕು ಗುನುಗತೊಡಗಿದ.

ಸಂಜೆ ಅತ್ತೆ ನನ್ನನ್ನು ರಸ್ತೆಯವರೆಗೆ ಬಿಡಲು ಬಂದಳು. ಹೊಸ ಚಪ್ಪಲಿ ಕೈಯಲ್ಲಿ ಹಿಡಿದು, ಹೆಂಟೆಗಳ ಮೇಲೆ ಬರಿಗಾಲಲ್ಲಿ, ನನಗಿಂತ ಜೋರಾಗಿ ನಡೆಯುತ್ತಿದ್ದಳು.

"ಅವ್ವಾರ, ಮುತ್ಯಾ ಅಂದದ್ದು ಒಂದು, ನೀವು ಮುಟ್ಟಿಸಿದ್ದು ಇನ್ನೊಂದು" ಎಂದೆ.

"ಈಕಿ ನಮ್ಮ ಮನಿ ತುಂಬಿದಾಗಿಂದ ಇಬ್ಬರ ಮಾತೂ ನಾನೇ ಒಯ್ದೀನಿ, ತಂದೀನಿ. ಒಂದರೆ ಹೇಳಿದ್ದಂಗ ಹೇಳಿಲ್ರಿ."

"ಅವರಿಗಿ ಗೊತ್ತದೇನು?"

"ಗೊತ್ತಿಲ್ಲದ ಏನ್ರಿ? ಮುಂದೇ ಕೂತಿರ್ತಾರ. ಕಿವಿ ಅವ."

ದೂರದಲ್ಲಿ ಧೂಳೆಬ್ಬಿಸುತ್ತ ಬೀದರಿನ ಬಸ್ಸು ಕಾಣಿಸಿತು. ಅವಳು ಚಪ್ಪಲಿ ನೆಲಕ್ಕಿಟ್ಟು, ಪಾದದ ಮಣ್ಣು ಝಾಡಿಸಿ, ಒಂದೊಂದಾಗಿ ಮೆಟ್ಟಿಕೊಂಡಳು. ಅತ್ತಿತ್ತ ನೋಡಿ ನನ್ನ ಕಿವಿಯ ಹತ್ತಿರ ಬಂದಳು.

"ನಿಮ್ಮ ಮುಂದ ಖರೇ ಹೇಳ್ತೇನಿ ನೋಡ್ರಿ. ಪುಣಾದಾಗ ನನಗ ರವಿವಾರ ಕೆಲಸಕ್ಕ ಸೂಟಿ ಇರ್ತದ. ಇಲ್ಲಿ ಯಾವಾಗ ಇತ್ತು?"

ಹಾಗೆಂದು, ಬಸ್ಸು ನಿಲ್ಲಿಸಲು ನನಗಿಂತ ಮೊದಲು ಅವಳೇ ಕೈ ಎತ್ತಿದಳು.